ಅಮ್ಮ ಕೂರುತ್ತಿದ್ದ ಜಾಗ

ಕೆಲವು ವರ್ಷಗಳ ಹಿಂದೆ ವಾಮಂಜೂರಿನ ನಮ್ಮ ಮನೆಗೆ, ಬೀಡಿ ಕಟ್ಟುವವರ ಬಗ್ಗೆ ಸಾಕ್ಷ್ಯಚಿತ್ರ ಮಾಡಲು ಒಂದು ತಂಡ ಬಂದಿತ್ತು. ಅಮ್ಮ ಕೂರುತ್ತಿದ್ದುದು ಒಳಕೋಣೆಯ ಗೋಡೆಗೆ ಒರಗಿ, ಪಕ್ಕದ ಮನೆಯ ಅಕ್ಕನ ಜತೆಯಲ್ಲಿ. ಅಲ್ಲಿ ಬೆಳಕು ಸಾಲದೆಂದು ಅಮ್ಮನೊಬ್ಬರನ್ನೇ ಜಗಲಿಯಲ್ಲಿ ಕೂರಿಸಿ, ಗೆರಸೆಯನ್ನು ಹೀಗೆ ಇಟ್ಟುಕೊಳ್ಳಿ, ತಲೆ ಎತ್ತಬೇಡಿ ಎಂದು ಹೇಳಿ, "ತುಂಬಾ ಕಷ್ಟ ಅಲ್ವಾ ಅಮ್ಮಾ?" ಎಂದು ಮೂರು ಸಲ ಕೇಳಿದರು. ಮೂರನೆಯ ಸಲ ಅಮ್ಮ "ಹೌದು" ಎಂದರು. ಚಿತ್ರದಲ್ಲಿ ಉಳಿದದ್ದು ಆ "ಹೌದು" ಮತ್ತು ಅದಕ್ಕೆ ಹಚ್ಚಿದ ಶೋಕದ ಕೊಳಲು. ಅದನ್ನು ನೋಡಿ ಅಮ್ಮ ಏನೂ ಹೇಳದೆ ಒಳಗೆ ಎದ್ದುಹೋದದ್ದು ನನ್ನನ್ನು ಇವತ್ತಿಗೂ ಕಾಡುತ್ತದೆ.

ಇದಕ್ಕೆ ತದ್ವಿರುದ್ಧವಾಗಿ, ಅಮೆರಿಕದ ಸಾಕ್ಷ್ಯಚಿತ್ರ ನಿರ್ದೇಶಕ ಫ್ರೆಡರಿಕ್ ವೈಸ್‌ಮನ್ ಅವರ ಚಿತ್ರಗಳಲ್ಲಿ ಸಂದರ್ಶನವಿಲ್ಲ, ನಿರೂಪಕನ ದನಿಯಿಲ್ಲ, ಮೇಲಿನಿಂದ ಹಚ್ಚಿದ ಸಂಗೀತವಿಲ್ಲ. ಧ್ವನಿಗ್ರಹಣದ ಉಪಕರಣವನ್ನು ತಾವೇ ಹೊತ್ತು, ಒಂದಿಬ್ಬರು ಸಹಾಯಕರೊಂದಿಗೆ ವಾರಗಟ್ಟಲೆ ಒಂದೇ ಜಾಗದಲ್ಲಿದ್ದು ಚಿತ್ರಿಸುವುದು, ಆಮೇಲೆ ತಿಂಗಳುಗಟ್ಟಲೆ ಸಂಕಲನಕ್ಕೆ ಕೂರುವುದು ಅವರ ಕ್ರಮವಾಗಿತ್ತು. 1960ರ ಹೊತ್ತಿಗೆ ಹೆಗಲ ಮೇಲೆ ಹೊರಬಹುದಾದ ಕ್ಯಾಮೆರಾ, ಅದರೊಂದಿಗೆ ತಾಳೆಯಾಗುವ ಧ್ವನಿಮುದ್ರಣ ಯಂತ್ರ ಬಂದ ಮೇಲೆಯೇ ಇಂಥ ಚಿತ್ರಣ ಸುಲಭವಾಯಿತು. ನಾವಾದರೋ, ಸಿನಿಮಾಕ್ಕೆ ಮುಂಚೆ ಥಿಯೇಟರಿನಲ್ಲಿ ತೋರಿಸುತ್ತಿದ್ದ, ಸರ್ಕಾರದ ಫಿಲ್ಮ್ಸ್ ಡಿವಿಷನ್ ಚಿತ್ರಗಳ ಗಂಭೀರ ದನಿಯನ್ನೇ ಸಾಕ್ಷ್ಯಚಿತ್ರವೆಂದು ನಂಬಿ ಬೆಳೆದವರು. ಕೈಯಲ್ಲಿರುವ ಮೊಬೈಲಿನಲ್ಲೇ ಚಿತ್ರ ತೆಗೆಯಬಹುದಾದ ಈ ಕಾಲದಲ್ಲೂ ಆ ದನಿಯನ್ನು ಬಿಟ್ಟಿಲ್ಲ.

ನ್ಯೂಯಾರ್ಕಿನ ಸರ್ಕಾರಿ ನೆರವಿನ ಕಚೇರಿಯೊಂದರಲ್ಲಿ ತೆಗೆದ ವೈಸ್‌ಮನ್ ಅವರ 1975ರ ‘ವೆಲ್‌ಫೇರ್’ ನೋಡುವಾಗ ನನಗೆ ನೆನಪಾದದ್ದು, ಕಟ್ಟಿದ ಬೀಡಿಯನ್ನು ಒಪ್ಪಿಸುವ ನಮ್ಮ ಬೀಡಿ ಬ್ರಾಂಚು. ಕೌಂಟರಿನ ಈಚೆ ಕಾಯುವವರು, ಆಚೆ ನಿಯಮ ಹೇಳುವವರು. ಬ್ರಾಂಚಿನಲ್ಲಿ ಅಮ್ಮ ಚೀಲ ಬಿಚ್ಚುತ್ತಾರೆ. ಎದುರಿನವರು ಒಂದು ಕಟ್ಟನ್ನು ಎತ್ತಿ, ಹೆಬ್ಬೆರಳಿನಿಂದ ಒತ್ತಿ ನೋಡಿ, ನಾಲ್ಕೈದು ಬೀಡಿಗಳನ್ನು ಬದಿಗೆ ಎಸೆಯುತ್ತಾರೆ. ಅಮ್ಮ ಅದರಲ್ಲೊಂದನ್ನು ಹೆಕ್ಕಿ ಬೆಳಕಿಗೆ ಹಿಡಿದು, "ಇದಕ್ಕೆ ಏನಾಗಿದೆ, ಹೇಳಿ" ಎನ್ನುತ್ತಾರೆ. ಸಾಲಿನಲ್ಲಿರುವ ಉಳಿದ ಹೆಂಗಸರು ಸುಮ್ಮನಾಗುತ್ತಾರೆ. ಕೂಲಿ, ಮರ್ಯಾದೆ, ಎಲೆ ಕಡಿಮೆ ಬಿದ್ದರೆ ಕೈಯಿಂದ ಹಣ ಹಾಕಿ ತರಬೇಕಾದ ಸಂಕಟ ಎಲ್ಲವೂ ಆ ಎರಡು ನಿಮಿಷಗಳಲ್ಲಿವೆ. "ಕಷ್ಟವೇ?" ಎಂದು ಕೇಳುವವರಿಗೆ ಅದು ಸಿಗುವುದಿಲ್ಲ, ಅಲ್ಲಿ ಕಾದು ನಿಂತವರಿಗೆ ಸಿಗುತ್ತದೆ.

ಸುಮ್ಮನೆ ನೋಡುವ ಕ್ಯಾಮೆರಾ ನಿಷ್ಪಕ್ಷಪಾತಿ ಎಂದು ನಾನು ಹೇಳುತ್ತಿಲ್ಲ. ನೂರು ಗಂಟೆಯ ಚಿತ್ರಣದಿಂದ ಮೂರು ಗಂಟೆಯನ್ನು ಆಯುವವನಿಗೆ ಅಭಿಪ್ರಾಯ ಇದ್ದೇ ಇರುತ್ತದೆ. ಆದರೆ ಅವನು ಅದನ್ನು ಅಮ್ಮನ ಬಾಯಿಯಿಂದ ಹೇಳಿಸುವುದಿಲ್ಲ. ಈ ವ್ಯತ್ಯಾಸ ನನಗೆ ಬಹಳ ದೊಡ್ಡದು.

ಈ ಮಳೆಗಾಲದಲ್ಲಿ ನಾನೇ ಕ್ಯಾಮೆರಾ ಹಿಡಿದು ಒಳಕೋಣೆಯಲ್ಲಿ ಕುಳಿತೆ. ಮೊದಲ ವಾರ ಅಮ್ಮ ಸೆರಗು ಸರಿಪಡಿಸಿಕೊಳ್ಳುತ್ತಲೇ ಇದ್ದರು. ಎರಡನೆಯ ವಾರದ ಒಂದು ಮಧ್ಯಾಹ್ನ, ಹಿಂದಿನ ರಾತ್ರಿ ನೆನೆಸಿಟ್ಟ ಎಲೆಗಳನ್ನು ಅಚ್ಚಿಟ್ಟು ಕತ್ತರಿಸುತ್ತಾ, ಪಕ್ಕದ ಮನೆಯ ಅಕ್ಕ ಹೇಳಿದ ಮದುವೆಯೂಟದ ಕಥೆಗೆ ಜೋರಾಗಿ ನಕ್ಕರು. ನಗುವಾಗಲೂ ಕತ್ತರಿ ನಿಲ್ಲಲಿಲ್ಲ. ನಾನಲ್ಲಿರುವುದು ಇಬ್ಬರಿಗೂ ಮರೆತೇ ಹೋಗಿತ್ತು.