ಟ್ಯಾಬ್‌ನ ಸದ್ದು ನಿಲ್ಲಿಸೋಕೆ ನನಗೆ ನಾಲ್ಕು ತಿಂಗಳು ಬೇಕಾಯ್ತು

ನಮ್ಮ ಮಾವನವರಿಗೆ 78 ವರ್ಷ. ಎರಡು ವರ್ಷದಿಂದ ಎರಡೂ ಕಿವಿಗೆ ಮಷಿನ್ ಹಾಕಿಕೊಳ್ಳುತ್ತಾರೆ. ಇಲ್ಲೇ ಮೈಸೂರಿನ ಮಾನಸಗಂಗೋತ್ರಿಯಲ್ಲಿರುವ ವಾಕ್ ಶ್ರವಣ ಸಂಸ್ಥೆಯಲ್ಲಿ ಪರೀಕ್ಷೆ ಮಾಡಿಸಿ ಹಾಕಿಸಿದ್ದು. ಮೊದಲ ದಿನ ಮನೆಗೆ ಬಂದವರು ಅಡುಗೆಮನೆ ಬಾಗಿಲಲ್ಲಿ ನಿಂತು "ಒಗ್ಗರಣೆ ಇಷ್ಟು ಸದ್ದು ಮಾಡುತ್ತಾ ಅಮ್ಮ?" ಅಂತ ಕೇಳಿದ್ದರು. ಅವತ್ತು ಅತ್ತೆ ಕಣ್ಣಲ್ಲಿ ನೀರು ಬಂದಿತ್ತು.

ಈ ಏಪ್ರಿಲ್‌ನಲ್ಲಿ ಮಗನಿಗೆ ಒಂದು ಟ್ಯಾಬ್ ಕೊಡಿಸಿದೆವು. ಆರು ವರ್ಷದ ಹುಡುಗ, ರಜೆ ಬೇರೆ. ಅದರಲ್ಲಿ ಒಂದು ಕಾರ್ ಆಟ, ಒಂದು ನಾಣ್ಯ ಹೆಕ್ಕುವ ಆಟ. ಹಾಲ್‌ನಲ್ಲಿ ದಿವಾನದ ಮೇಲೆ ಕೂತು ಆಡುತ್ತಿದ್ದ. ಎದುರುಗಡೆ ಕುರ್ಚಿಯಲ್ಲಿ ಮಾವ, ಪೇಪರ್ ಹಿಡಿದುಕೊಂಡು. ಟಣ್ ಟಣ್ ಟಣ್, ಆಮೇಲೆ ಒಂದು ತುತ್ತೂರಿ, ಮತ್ತೆ ಟಣ್ ಟಣ್. ನಾವೆಲ್ಲ ಅದಕ್ಕೆ ಒಗ್ಗಿಹೋದೆವು. ಫ್ಯಾನಿನ ಸದ್ದಿನ ಹಾಗೆ ಅದೂ ಒಂದು ಅಂತ.

ಆಗಸ್ಟ್‌ನ ಒಂದು ಭಾನುವಾರ ಊಟಕ್ಕೆ ಕೂತಾಗ ಅತ್ತೆ "ಹುಳಿ ಬಡಿಸಲಾ?" ಅಂತ ಮೂರು ಸಲ ಕೇಳಿದರು. ಮಾವ ನಗುತ್ತಾ ತಲೆ ಆಡಿಸಿದರು, ಅಷ್ಟೇ. ನೋಡಿದರೆ ಕಿವಿಯಲ್ಲಿ ಮಷಿನ್ ಇಲ್ಲ. ಬ್ಯಾಟರಿ ಹೋಗಿರಬೇಕು ಅಂದುಕೊಂಡು ಊಟ ಆದ ಮೇಲೆ ಡಬ್ಬಿ ತೆಗೆದೆ. ಆ ಬ್ಯಾಟರಿ ನೋಡಿದವರಿಗೆ ಗೊತ್ತಿರುತ್ತೆ, ಹುಣಸೆ ಬೀಜಕ್ಕಿಂತ ಚಿಕ್ಕದು, ಮೇಲೆ ಕಿತ್ತಳೆ ಬಣ್ಣದ ಸ್ಟಿಕ್ಕರ್. ಸ್ಟಿಕ್ಕರ್ ಕಿತ್ತು ಒಂದು ನಿಮಿಷ ಗಾಳಿಗೆ ಬಿಟ್ಟು ಆಮೇಲೆ ಹಾಕಬೇಕು. ಹಾಗೇ ಮಾಡಿ ಕೊಟ್ಟೆ. ಹಾಕಿಕೊಂಡರು. ಹತ್ತು ನಿಮಿಷ ಚೆನ್ನಾಗಿ ಮಾತಾಡಿದರು. ಅಷ್ಟರಲ್ಲಿ ಮಗ ಟ್ಯಾಬ್ ಹಿಡಿದು ಬಂದು ಕೂತ. ಮಾವ ಒಂದು ಮಾತೂ ಆಡದೆ ಎರಡೂ ಮಷಿನ್ ತೆಗೆದರು, ಉಗುರಿನಿಂದ ಬ್ಯಾಟರಿ ಬಾಗಿಲು ತೆರೆದರು, ಡಬ್ಬಿಯಲ್ಲಿಟ್ಟು ಮುಚ್ಚಿದರು. ಅದೆಷ್ಟು ಅಭ್ಯಾಸದ ಕೈ ಅಂದರೆ, ಇದು ಇವತ್ತಿನದಲ್ಲ ಅಂತ ನನಗೆ ತಕ್ಷಣ ಗೊತ್ತಾಯಿತು.

ಹತ್ತಿರ ಹೋಗಿ ಕೇಳಿದೆ. "ಅದು ತಲೆಗೇ ಹೊಡೆದ ಹಾಗೆ ಆಗುತ್ತೆ ಕಣಮ್ಮ. ಮಗು ಆಡ್ಕೊಳ್ಳಲಿ ಬಿಡು. ನಾನು ತೆಗೆದಿಟ್ಟರೆ ಆಯ್ತಲ್ಲ" ಅಂದರು.

ನಾಲ್ಕು ತಿಂಗಳಿಂದ ಸಂಜೆ ಹೊತ್ತು ಅವರಿಗೆ ಮನೆಯ ಒಂದು ಮಾತೂ ಕೇಳಿಸಿರಲಿಲ್ಲ. ವಯಸ್ಸಾಯ್ತು, ಮಾತು ಕಡಿಮೆ ಆಗಿದೆ ಅಂತ ನಾವು ಅಂದುಕೊಂಡಿದ್ದೆವು. ಇದನ್ನು ಬರೆಯುವಾಗಲೂ ನನಗೆ ಹೊಟ್ಟೆಯಲ್ಲಿ ಸಂಕಟ ಆಗುತ್ತದೆ.

ಮುಂದಿನ ವಾರ ಕಿವಿ ತೋರಿಸೋಕೆ ಹೋದಾಗ ಅಲ್ಲಿನ ಆಡಿಯಾಲಜಿಸ್ಟ್ ಹತ್ತಿರ ಇದನ್ನೇ ಕೇಳಿದೆ. ಅವರು ಹೇಳಿದ್ದನ್ನ ನನಗೆ ಅರ್ಥವಾದ ಹಾಗೆ ಹೇಳುತ್ತೇನೆ. ವಯಸ್ಸಾದಾಗ ಕಿವಿ ಎಲ್ಲ ಸದ್ದನ್ನೂ ಒಂದೇ ಸಮ ಕಳೆದುಕೊಳ್ಳುವುದಿಲ್ಲ. ಮೊದಲು ಹೋಗುವುದು ತೆಳು, ಚೂಪು ಸದ್ದುಗಳು. ಸ, ಶ, ತ, ಕ ಇವೆಲ್ಲ ಅಲ್ಲೇ ಬರುತ್ತವೆ. ಅದಕ್ಕೇ "ತಟ್ಟೆ" ಅಂದರೆ "ಕಟ್ಟೆ" ಅಂತ ಕೇಳಿಸುತ್ತದೆ. ದನಿ ಕೇಳುತ್ತೆ, ಮಾತು ತಿಳಿಯೋದಿಲ್ಲ. ಮಷಿನ್ ಜಾಸ್ತಿ ಎತ್ತಿಕೊಡೋದು ಆ ತೆಳು ಸದ್ದುಗಳನ್ನೇ. ಆಟದ ನಾಣ್ಯ, ಗಂಟೆ, ಸೀಟಿ ಎಲ್ಲವೂ ಇರೋದೂ ಅದೇ ಜಾಗದಲ್ಲಿ. ಟ್ಯಾಬ್‌ನ ಪುಟ್ಟ ಸ್ಪೀಕರ್‌ನಿಂದ ದಪ್ಪ ದನಿ ಅಷ್ಟಾಗಿ ಬರೋದಿಲ್ಲ, ಬರೋದು ಹೆಚ್ಚಾಗಿ ಆ ಕಿರುಚು ಸದ್ದೇ.

ಇನ್ನೊಂದು ವಿಷಯ. ಇಂಥ ಕಿವಿಗೆ ಮೆಲ್ಲಗಿನ ಸದ್ದು ಕೇಳೋದೇ ಇಲ್ಲ, ಆದರೆ ಜೋರು ಸದ್ದು ನಮ್ಮಷ್ಟೇ, ಕೆಲವರಿಗೆ ನಮಗಿಂತಲೂ ಬೇಗ, ಹಿಂಸೆಯಾಗುತ್ತದೆ. ನಡುವೆ ಇರುವ ಜಾಗ ತುಂಬಾ ಚಿಕ್ಕದು. ಮನೆಯಲ್ಲಿ ಹಿರಿಯರು ಇರುವವರಿಗೆಲ್ಲ ಇದು ಗೊತ್ತು: ಮೆಲ್ಲಗೆ ಹೇಳಿದರೆ "ಏನು?" ಅಂತಾರೆ, ಸ್ವಲ್ಪ ಜೋರಾಗಿ ಹೇಳಿದರೆ "ಯಾಕೆ ಕಿರುಚ್ತೀಯ" ಅಂತಾರೆ. ಹಠ ಅಂದುಕೊಳ್ಳುತ್ತೇವೆ. ಹಠ ಅಲ್ಲ, ಅವರ ಕಿವಿ ಈಗ ಕೆಲಸ ಮಾಡೋ ರೀತಿಯೇ ಅದು. ಆಡಿಯಾಲಜಿಸ್ಟ್ ಮಷಿನ್ ಅನ್ನು ಕಂಪ್ಯೂಟರ್‌ಗೆ ಹಾಕಿ ಸ್ವಲ್ಪ ಸರಿ ಮಾಡಿಕೊಟ್ಟರು. ಜೊತೆಗೆ, ಜಾಸ್ತಿ ಇಳಿಸಿದರೆ ಮಾತೇ ಕೇಳಿಸೋದಿಲ್ಲ, ಮನೆಯಲ್ಲಿ ಸದ್ದು ಕಡಿಮೆ ಮಾಡಿ ಅಂದರು.

ಸರಿ, ಸದ್ದು ಕಡಿಮೆ ಮಾಡೋದು ಎಷ್ಟು ಹೊತ್ತಿನ ಕೆಲಸ ಅಂದುಕೊಂಡೆ.

ಮೊದಲು ಸೈಲೆಂಟ್ ಹಾಕಿದೆ. ಆಟದ ಸದ್ದು ಹಾಗೇ ಬಂತು. ಆಮೇಲೆ ತಿಳಿಯಿತು, ನಮ್ಮದು ಆಂಡ್ರಾಯ್ಡ್ ಟ್ಯಾಬ್, ಆಂಡ್ರಾಯ್ಡ್‌ನಲ್ಲಿ ರಿಂಗಿಗೆ ಒಂದು ವಾಲ್ಯೂಮ್, ಅಲಾರಾಂಗೆ ಒಂದು, ಮೀಡಿಯಾಗೆ ಒಂದು ಅಂತ ಬೇರೆ ಬೇರೆ ಇರುತ್ತವೆ. ಸೈಲೆಂಟ್ ಮುಟ್ಟುವುದು ರಿಂಗನ್ನು. ಆಟ ಬರುವುದು ಮೀಡಿಯಾದಲ್ಲಿ, ವೀಡಿಯೊ, ಹಾಡು ಎಲ್ಲದರ ಜೊತೆ. "ಡು ನಾಟ್ ಡಿಸ್ಟರ್ಬ್" ಕೂಡ ಸಾಮಾನ್ಯವಾಗಿ ಮೀಡಿಯಾ ಸದ್ದನ್ನ ಬಿಟ್ಟೇ ಕೊಡುತ್ತದೆ, ಸೆಟ್ಟಿಂಗ್ಸ್‌ನಲ್ಲಿ ನಾವೇ ಹೋಗಿ ಬದಲಾಯಿಸಬೇಕು. ಸರಿ ಅಂತ ಮೀಡಿಯಾ ವಾಲ್ಯೂಮನ್ನೇ ಸೊನ್ನೆ ಮಾಡಿದೆ. ಮನೆ ಶಾಂತವಾಯಿತು. ಸಂಜೆ ಶಾಲೆಯ ಗ್ರೂಪಿನಿಂದ ಒಂದು ಪದ್ಯದ ವೀಡಿಯೊ ಬಂತು, ಅದಕ್ಕೆ ಸದ್ದು ಬೇಕಲ್ಲ, ಏರಿಸಿದೆ, ಅದು ಮುಗಿದ ಕೂಡಲೇ ಮಗ ಆಟ ತೆರೆದ, ಇಡೀ ಹಾಲ್ ತುಂಬಾ ತುತ್ತೂರಿ. ದಿನಕ್ಕೆ ಎಷ್ಟು ಸಲ ಏರಿಸಿ ಇಳಿಸೋದು?

ಐಪ್ಯಾಡ್ ಇರುವವರಿಗೆ ಇದು ಉಲ್ಟಾ. ಅದರಲ್ಲಿ ಸೈಲೆಂಟ್ ಹಾಕಿದರೆ ಸಾಮಾನ್ಯವಾಗಿ ಆಟದ ಸದ್ದು ನಿಲ್ಲುತ್ತದೆ, ವೀಡಿಯೊ ಮತ್ತು ಹಾಡು ಮಾತ್ರ ಬರುತ್ತಾ ಇರುತ್ತವೆ. ನಮ್ಮಂಥ ಮನೆಗೆ ಬೇಕಾಗಿರೋದು ಇದೇ. 2010ರಲ್ಲಿ ಮೊದಲ ಐಪ್ಯಾಡ್ ಬಂದಾಗ ಪಕ್ಕದಲ್ಲಿ ಒಂದು ಪುಟ್ಟ ಸ್ವಿಚ್ ಇತ್ತು, ಪರದೆ ತಿರುಗದ ಹಾಗೆ ಹಿಡಿದಿಡೋಕೆ. ಅದೇ ವರ್ಷ ನವೆಂಬರ್‌ನಲ್ಲಿ ಅದನ್ನ ಸದ್ದು ನಿಲ್ಲಿಸೋ ಸ್ವಿಚ್ ಮಾಡಿದರು. 2011ರಲ್ಲಿ ಎರಡರಲ್ಲಿ ಯಾವುದು ಬೇಕೋ ನೀವೇ ಆರಿಸಿಕೊಳ್ಳಿ ಅಂತ ಬಿಟ್ಟರು. 2014ರ ಐಪ್ಯಾಡ್ ಏರ್ 2ರಲ್ಲಿ ಆ ಸ್ವಿಚ್ಚೇ ಇಲ್ಲ. ಈಗ ಪರದೆಯ ಮೇಲ್ಮೂಲೆಯಿಂದ ಬೆರಳು ಎಳೆದು ಗಂಟೆಯ ಚಿತ್ರ ಹುಡುಕಿ ಒತ್ತಬೇಕು. ಕಣ್ಣು ಮಂಜಾದ ಹಿರಿಯರಿಗೆ ಬೆರಳಿಗೇ ಸಿಗುವ ಒಂದು ಸ್ವಿಚ್ ಎಷ್ಟು ಅನುಕೂಲ ಅಲ್ವಾ? ತೆಗೆದದ್ದು ಸರಿಯಲ್ಲ ಅಂತ ನನ್ನ ಖಚಿತ ಅಭಿಪ್ರಾಯ.

ಕಂಪ್ಯೂಟರ್ ನೋಡಿ. 2007ರಲ್ಲಿ ಬಂದ ವಿಂಡೋಸ್ ವಿಸ್ಟಾದಿಂದಲೂ ಒಂದೊಂದು ಪ್ರೋಗ್ರಾಮಿಗೂ ಬೇರೆ ಬೇರೆ ವಾಲ್ಯೂಮ್ ಇದೆ. ಆಟಕ್ಕೆ ಸೊನ್ನೆ, ಪಾಠಕ್ಕೆ ಎಂಬತ್ತು, ಆಯ್ತು. ಮಕ್ಕಳ ಕೈಗೆ ಕೊಡೋ ಟ್ಯಾಬ್‌ನಲ್ಲಿ ಇದು ಸುಲಭವಾಗಿ ಯಾಕೆ ಸಿಗೋದಿಲ್ಲ? ಸ್ಯಾಮ್‌ಸಂಗ್‌ನವರು ಸೌಂಡ್ ಅಸಿಸ್ಟೆಂಟ್ ಅನ್ನೋ ಆ್ಯಪ್ ಕೊಟ್ಟಿದ್ದಾರೆ, ಅದರಲ್ಲಿ ಆ್ಯಪ್‌ಗೊಂದು ವಾಲ್ಯೂಮ್ ಇಡಬಹುದು. ಅವರ ಸಾಧನ ಇರುವವರು ನೋಡಿ. ಎಲ್ಲರಲ್ಲೂ ಹುಟ್ಟಿನಿಂದಲೇ ಇರಬೇಕಾದ ಸೌಲಭ್ಯ ಇದು.

ಕೊನೆಗೆ ಆಟದ ಒಳಗೇ ಹೋದೆ. ಒಂದು ಹಲ್ಲಿನ ಚಕ್ರದ ಚಿತ್ರ ಇರುತ್ತೆ, ಅದನ್ನ ಒತ್ತಿದರೆ ಮ್ಯೂಸಿಕ್ ಅಂತ ಒಂದು, ಸೌಂಡ್ ಅಂತ ಒಂದು. ಎರಡನ್ನೂ ಆಫ್ ಮಾಡಬೇಕು. ಒಂದನ್ನ ಮಾತ್ರ ಆಫ್ ಮಾಡಿದರೆ ಹಿನ್ನೆಲೆ ಹಾಡು ನಿಂತು ಟಣ್ ಟಣ್ ಉಳಿಯುತ್ತದೆ, ನನಗೆ ಮೊದಲ ದಿನ ಆದದ್ದು ಅದೇ. ಎರಡನ್ನೂ ಆಫ್ ಮಾಡಿದೆ. ನೆಮ್ಮದಿ ಅಂತ ಕೂತೆ. ಎರಡು ನಿಮಿಷಕ್ಕೆ ಒಂದು ಜಾಹೀರಾತು ಬಂತು, ಮೊದಲಿನ ಸದ್ದಿಗಿಂತ ಜೋರಾಗಿ! ಕಾರಣ ಹುಡುಕಿದೆ. ಜಾಹೀರಾತು ಬರುವುದು ಬೇರೆ ಕಂಪನಿಯಿಂದ, ಆಟದ ಒಳಗಿನ ಸ್ವಿಚ್ ತನ್ನಷ್ಟಕ್ಕೆ ಅದಕ್ಕೆ ತಾಗುವುದಿಲ್ಲ. ಆಟ ಮಾಡಿದವರು "ಇವರು ಸದ್ದು ಆಫ್ ಮಾಡಿದ್ದಾರೆ, ನೀನೂ ಸುಮ್ನಿರು" ಅಂತ ಅದಕ್ಕೆ ಒಂದು ಸೂಚನೆ ಬರೆಯಬೇಕು. ಗೂಗಲ್‌ನ ಜಾಹೀರಾತು ವ್ಯವಸ್ಥೆಯಲ್ಲಿ ಅದಕ್ಕೆ ದಾರಿ ಇದೆ, ಒಂದು ಸಾಲಿನ ಕೆಲಸ. ಅಷ್ಟನ್ನೂ ಬರೆಯದೆ ಮಕ್ಕಳ ಕೈಗೆ ಆಟ ಬಿಡುತ್ತಾರಲ್ಲ, ನನಗೆ ನಿಜವಾಗಿ ಸಿಟ್ಟು ಬರುತ್ತದೆ. ಸಾಫ್ಟ್‌ವೇರ್ ಕೆಲಸದಲ್ಲಿ ಇರುವವರು ನನ್ನ ಫ್ರೆಂಡ್ಸ್ ಲಿಸ್ಟಿನಲ್ಲಿ ಬೇಕಾದಷ್ಟು ಜನ ಇದ್ದೀರಿ. ದಯವಿಟ್ಟು ಆ ಒಂದು ಸಾಲು ಬರೆಯಿರಿ.

ಆ ಜಾಹೀರಾತಿಗೆ ಮದ್ದು ಹೇಳಿದ್ದು ನಮ್ಮ ಬೀದಿಯ ಮೊಬೈಲ್ ರಿಪೇರಿ ಹುಡುಗ. ಹಾಳಾದ ಇಯರ್‌ಫೋನಿನ ಪಿನ್ ಕತ್ತರಿಸಿ ಕೊಟ್ಟ. "ಇದನ್ನ ತೂತಿಗೆ ಚುಚ್ಚಿಡಿ ಅಕ್ಕ, ಸದ್ದೆಲ್ಲ ಇದಕ್ಕೆ ಹೋಗುತ್ತೆ, ಹೊರಗೆ ಬರಲ್ಲ." ಆಟವೂ ಬರಲಿಲ್ಲ, ಜಾಹೀರಾತೂ ಬರಲಿಲ್ಲ. ಪಾಠ ಬಂದಾಗ ಪಿನ್ ಕಿತ್ತರೆ ಆಯ್ತು. ಈಗಿನ ಎಷ್ಟೋ ಟ್ಯಾಬ್‌ಗಳಲ್ಲಿ ಆ ತೂತೇ ಇರೋದಿಲ್ಲ, ಅದು ಬೇರೆ ಮಾತು.

"ಹೆಡ್‌ಫೋನ್ ಕೊಡಿಸಿ, ಮುಗೀತು" ಅಂತ ಕೆಲವರು ಅಂದರು. ನನಗೆ ಒಪ್ಪಿಗೆ ಇಲ್ಲ. ವಿಶ್ವ ಆರೋಗ್ಯ ಸಂಸ್ಥೆ ದೊಡ್ಡವರಿಗೆ ವಾರಕ್ಕೆ 40 ಗಂಟೆ 80 ಡೆಸಿಬೆಲ್ ತನಕ ಪರವಾಗಿಲ್ಲ ಅನ್ನುತ್ತದೆ, ಮಕ್ಕಳಿಗೆ ಅದನ್ನ 75ಕ್ಕೆ ಇಳಿಸಿದೆ. ಆರು ವರ್ಷದ ಮಗುವಿನ ಹೆಡ್‌ಫೋನ್ ಒಳಗೆ ಎಷ್ಟು ಸದ್ದು ಅಂತ ಹೊರಗೆ ನಿಂತ ನನಗೆ ಹೇಗೆ ತಿಳಿಯುತ್ತೆ? ಮೇಲಾಗಿ ಕರೆದರೆ ಕೇಳೋದಿಲ್ಲ. ಒಂದೇ ಹಾಲ್‌ನಲ್ಲಿ ಮೊಮ್ಮಗನೂ ತಾತನೂ ಕಿವಿ ಮುಚ್ಚಿಕೊಂಡು ಕೂರುವುದು ನನಗೆ ಬೇಡ.

2021ರಲ್ಲಿ ನಮ್ಮ ಹೈಕೋರ್ಟ್ ಬಸ್ಸಿನಲ್ಲಿ ಮೊಬೈಲ್ ಸ್ಪೀಕರ್ ಜೋರಾಗಿ ಹಾಕಬಾರದು ಅಂತ ಹೇಳಿತು. ಕಂಡಕ್ಟರ್ ಹೇಳಿದರೂ ಕೇಳದಿದ್ದರೆ ಕೆಳಗೆ ಇಳಿಸಬಹುದು. ಆಗ ನಾವೆಲ್ಲ ಒಳ್ಳೆಯದಾಯ್ತು ಅಂದೆವು. ಬಸ್ಸಿನಲ್ಲಿ ಪಕ್ಕದ ಸೀಟಿನ ಅಪರಿಚಿತರಿಗೆ ಕೊಡೋ ಮರ್ಯಾದೆಯನ್ನ ಮನೆಯಲ್ಲಿ ಕುರ್ಚಿಯಲ್ಲಿ ಕೂತ ತಾತನಿಗೆ ಕೊಟ್ಟಿರಲಿಲ್ಲ. ಬಸ್ಸಿನಲ್ಲಿ ಆದರೆ ಯಾರಾದರೂ ಬೈಯುತ್ತಾರೆ. ಮನೆಯಲ್ಲಿ ತಾತ ಬೈಯುವುದಿಲ್ಲ, ಮಷಿನ್ ತೆಗೆದಿಡುತ್ತಾರೆ. ಪ್ರೀತಿಯಿಂದ ಮಾಡುತ್ತಾರೆ, ಅದಕ್ಕೇ ನಮಗೆ ಕಾಣಿಸೋದಿಲ್ಲ.

ಆಟದ ಸದ್ದೇ ಕೆಟ್ಟದ್ದು ಅಂತ ನಾನು ಹೇಳುತ್ತಿಲ್ಲ. ಕಣ್ಣು ಕಾಣದವರು ಸದ್ದಿನ ಮೇಲೇ ಆಡುವ ಆಟಗಳಿವೆ, ಅವರಿಗೆ ಅದೇ ಎಲ್ಲ. ಆದರೆ ಪ್ರತಿ ನಾಣ್ಯಕ್ಕೂ ಟಣ್ ಅನ್ನುವುದಕ್ಕೆ ಕಾರಣ ಬೇರೆ. ಜೂಜಿನ ಯಂತ್ರಗಳ ಬಗ್ಗೆ ಕೆನಡಾದ ವಾಟರ್ಲೂ ವಿಶ್ವವಿದ್ಯಾಲಯದವರು 2014ರಲ್ಲಿ ಒಂದು ಅಧ್ಯಯನ ಪ್ರಕಟಿಸಿದರು. ಸದ್ದು ಇದ್ದಾಗ ಜನ ತಾವು ನಿಜವಾಗಿ ಗೆದ್ದದ್ದಕ್ಕಿಂತ ಇನ್ನೂ ಜಾಸ್ತಿ ಸಲ ಗೆದ್ದೆವು ಅಂದುಕೊಂಡರಂತೆ. ಮಗುವಿನ ನಾಣ್ಯದ ಆಟ ಜೂಜಲ್ಲ, ಆದರೆ ಆ ಟಣ್‌ನ ಆಸೆ ಅದೇ ಜಾತಿಯದು ಅಂತ ನನಗನ್ನಿಸುತ್ತದೆ. ಸದ್ದು ಆರಿಸಿದ ಮೇಲೆ ನಮ್ಮ ಮಗ ಟ್ಯಾಬ್ ಬಿಟ್ಟು ಏಳುವಾಗ ಮೊದಲಿನಷ್ಟು ರಂಪ ಮಾಡುತ್ತಿಲ್ಲ. ಒಂದೇ ಮನೆಯ ಅನುಭವ ಇದು, ನಿಮ್ಮಲ್ಲೂ ನೋಡಿ ಹೇಳಿ.

ಮೊದಲ ಮೂರು ದಿನ ಮಾತ್ರ ಕಷ್ಟ ಆಯ್ತು. "ಸೌಂಡ್ ಇಲ್ಲಾಂದ್ರೆ ಆಟನೇ ಅಲ್ಲ" ಅಂತ ಅತ್ತ. ನಾನು ಅವನನ್ನ ತೊಡೆ ಮೇಲೆ ಕೂರಿಸಿಕೊಂಡು ತಾತನ ಮಷಿನ್ ಕೈಗೆ ಕೊಟ್ಟೆ. ಅಂಗೈ ಮುಚ್ಚಿ ಹಿಡಿದರೆ ಅದು ಕುಂಯ್ ಅಂತ ಕೂಗುತ್ತದೆ. ಅವನು ಬೆಚ್ಚಿಬಿದ್ದ. "ಇಷ್ಟು ಚಿಕ್ಕದು ಎಲ್ಲಾನೂ ಕೇಳಿಸಿಕೊಳ್ಳುತ್ತಾ?" ಅಂದ. ಹೌದು, ನಿನ್ನ ಕಾರಿನ ಸದ್ದೆಲ್ಲ ಇದರೊಳಗೆ ಹೋಗಿ ತಾತನ ಕಿವಿಯಲ್ಲಿ ದೊಡ್ಡದಾಗುತ್ತೆ ಅಂದೆ. ತುಂಬಾ ಹೊತ್ತು ಅದನ್ನೇ ನೋಡುತ್ತಾ ಕೂತ.

ಈಗ ಸಂಜೆ ಆಡುವಾಗ ತಾತನ ಕುರ್ಚಿಯ ಕೈ ಮೇಲೆ ಹತ್ತಿ ಕೂರುತ್ತಾನೆ. ಟ್ಯಾಬ್‌ಗೆ ಆ ಕತ್ತರಿಸಿದ ಪಿನ್ ಚುಚ್ಚಿರುತ್ತದೆ. ನಾಣ್ಯ ಸಿಕ್ಕಾಗ ತಾನೇ ಬಾಯಲ್ಲಿ, ಮೆಲ್ಲಗೆ "ಟಣ್" ಅಂತಾನೆ. ಮೊನ್ನೆ ನಾನು ಬಟ್ಟೆ ಮಡಿಸುತ್ತಾ ಕೇಳಿಸಿಕೊಂಡೆ. "ಎಷ್ಟಾಯ್ತೋ?" ಅಂತ ಮಾವ ಕೇಳಿದರು. "ನೀವು ಲೆಕ್ಕ ಇಡಲಿಲ್ವಾ ತಾತ?" ಅಂದ. "ಇಟ್ಟೆ ಕಣೋ, ಹದಿನಾಲ್ಕು ಸಲ ಟಣ್ ಅಂದೆ" ಅಂದರು ಮಾವ.