ಗೆರೆ ಬೇಕು, ಜಾಸ್ತಿ ಬೇಡ

ಕಂತಿನಲ್ಲಿ 4ಕೆ ಟಿವಿ ತಂದು, ಗೋಡೆಗೆ ಹಾಕಿಸಿ, ಆಮೇಲೆ ಅದು ಹಳೇ ಡಬ್ಬ ಟಿವಿ ಹಾಗೆ ಕಾಣಬೇಕು ಅಂತ ಅರ್ಧ ರಾತ್ರಿ ತನಕ ಒದ್ದಾಡುವ ಜನ ಇದ್ದಾರೆ. ನಾನೂ ಅದೇ ಗುಂಪಿನವನು. ಶಿವಮೊಗ್ಗದಲ್ಲಿ ಜುಲೈ ಮಳೆ ಹಿಡಿದುಕೊಂಡರೆ ಸಂಜೆ ಹೊರಗೆ ಹೋಗಿ ಮಾಡುವುದೂ ಅಷ್ಟರಲ್ಲೇ ಇದೆ. ಹಾಗಾಗಿ ಕರೆಂಟ್ ಇರುವಷ್ಟು ಹೊತ್ತು ಹಳೇ ವಿಡಿಯೋ ಗೇಮ್ ಆಡಿಸುವ ರೆಟ್ರೋಆರ್ಚ್ ಅನ್ನುವ ಪ್ರೋಗ್ರಾಮ್ ತೆರೆದುಕೊಂಡು, ಚಿತ್ರವನ್ನು ಹಳೇ ಟಿವಿ ಹಾಗೆ ಕಾಣಿಸುವ ಶೇಡರ್ ಬದಲಾಯಿಸುತ್ತಾ ಕೂರುತ್ತೇನೆ. ಆಟ ಆಡುವುದು ಕಮ್ಮಿ. ಮಾರಿಯೋ ಮೊದಲನೇ ಪೈಪಿನ ಹತ್ತಿರ ಕಾಲೆತ್ತಿಕೊಂಡು ಗಾಳಿಯಲ್ಲೇ ನಿಂತಿರುತ್ತಾನೆ, ನಾನು ಮೆನುವಿನೊಳಗೆ ಇರುತ್ತೇನೆ.

ಅಮ್ಮ ಒಂದು ಸಲ ಹಿಂದಿನಿಂದ ಬಂದು ನೋಡಿ, "ಎಂತ ಆಯ್ತೋ ಇದಕ್ಕೆ, ಗೆರೆ ಗೆರೆ ಬರ್ತಾ ಇದೆ? ವಾರಂಟಿ ಇದ್ಯಾ ಇಲ್ವಾ?" ಅಂದರು. ಗೆರೆ ನಾನೇ ಹಾಕಿದ್ದು ಅಂದೆ. ಮುಂದೆ ಏನೂ ಕೇಳಲಿಲ್ಲ. ಅಡಿಗೆಮನೆಗೆ ಹೋಗಿ ಅಕ್ಕನಿಗೆ ಫೋನ್ ಮಾಡಿದರು.

ವಿಷಯ ಏನಪ್ಪಾ ಅಂದರೆ, 1983ರಲ್ಲಿ ಜಪಾನಿನಲ್ಲಿ ನಿಂಟೆಂಡೋದ ಫ್ಯಾಮಿಕಾಮ್ ಬಂತು. ನಮ್ಮ ಕಡೆ ಅಂಗಡಿಯಲ್ಲಿ 'ಟಿವಿ ಗೇಮ್' ಅಂತ ಸಿಗುತ್ತಿದ್ದ, ಕ್ಯಾಸೆಟ್ ಮೇಲೆ ಲಕ್ಷಗಟ್ಟಲೆ ಆಟ ಇದೆ ಅಂತ ಬರೆದು ಒಳಗೆ ಅವೇ ಹತ್ತಿಪ್ಪತ್ತು ಆಟ ಇಟ್ಟಿರುತ್ತಿದ್ದ ಡಬ್ಬಗಳೆಲ್ಲ ಹೆಚ್ಚುಕಮ್ಮಿ ಅದರ ನಕಲುಗಳೇ. ಅದರ ಚಿತ್ರದ ಅಗಲ 256 ಚುಕ್ಕಿ, ಎತ್ತರ 240. ಒಟ್ಟು 61,440 ಚುಕ್ಕಿ, ಅಷ್ಟೇ. ಅದನ್ನು 4ಕೆ ಪರದೆಯ ಪೂರ್ತಿ ಎತ್ತರಕ್ಕೆ ಎಳೆದರೆ ಒಂದೊಂದು ಹಳೇ ಚುಕ್ಕಿಗೂ ಸುಮಾರು ನೂರು ಹೊಸ ಚುಕ್ಕಿ ಬೇಕು. ರೆಟ್ರೋಆರ್ಚಿನಂಥ ಎಮ್ಯುಲೇಟರ್, ಅಂದರೆ ಹಳೇ ಡಬ್ಬದ ಹಾಗೆ ನಟಿಸುವ ಪ್ರೋಗ್ರಾಮ್, ಸುಮ್ನೆ ಎಳೆದು ತೋರಿಸಿದರೆ ಮಾರಿಯೋನ ಮೀಸೆ ಬಚ್ಚಲುಮನೆ ಟೈಲ್ಸ್ ಹಾಗೆ ಕಾಣುತ್ತದೆ. ಆಗಿನ ಟಿವಿಯಲ್ಲಿ ಅದು ಹಾಗಿರಲಿಲ್ಲ, ಅಲ್ವಾ? ಆಗಿನ ಗಾಜು, ಆಗಿನ ವೈರು ಚಿತ್ರಕ್ಕೆ ಏನೇನು ಮಾಡುತ್ತಿದ್ದವೋ ಅದನ್ನೆಲ್ಲ ಲೆಕ್ಕ ಹಾಕಿ ಮತ್ತೆ ಮಾಡುವ ಸಣ್ಣ ಪ್ರೋಗ್ರಾಮೇ ಶೇಡರ್. ಗ್ರಾಫಿಕ್ಸ್ ಚಿಪ್ ಅದನ್ನು ಪ್ರತಿ ಚುಕ್ಕಿಗೂ ಓಡಿಸುತ್ತದೆ, ಸೆಕೆಂಡಿಗೆ 60 ಸಲ. 4ಕೆ ಟಿವಿಯಲ್ಲಿ ಆಟದ ಚಿತ್ರ ಕೂರುವ ಜಾಗಕ್ಕೇ ಸೆಕೆಂಡಿಗೆ ಸುಮಾರು 37 ಕೋಟಿ ಚುಕ್ಕಿ ಆಯಿತು. ಅಷ್ಟೆಲ್ಲ ಲೆಕ್ಕ ಯಾಕೆ? ಅಟ್ಟದ ಮೇಲೆ ಸತ್ತು ಬಿದ್ದಿರುವ ಟಿವಿಯ ನೆನಪಿಗೆ.

ಎಲ್ಲರೂ ಮೊದಲು ಕೈ ಹಾಕುವುದು ಗೆರೆಗೆ, ಅಂದರೆ ಸ್ಕ್ಯಾನ್‌ಲೈನ್‌ಗೆ. ಹಳೇ ಟಿವಿ ಒಂದು ಸಲ ಬೆಸ ಸಾಲು, ಇನ್ನೊಂದು ಸಲ ಸಮ ಸಾಲು ಎಳೆದು ಚಿತ್ರ ತುಂಬಿಸುತ್ತಿತ್ತು. ಗೇಮ್ ಡಬ್ಬ ಮಾತ್ರ ಪ್ರತಿ ಸಲವೂ ಅದೇ ಸಾಲಿನ ಮೇಲೆ ಎಳೆಸುತ್ತಿತ್ತು. ಹಾಗಾಗಿ ನಡುವಿನ ಸಾಲು ಕಪ್ಪಾಗಿ ಉಳಿಯುತ್ತಿತ್ತು. ಆದರೆ ಈ ಗೆರೆ ಎಲ್ಲಾ ಕಡೆ ಒಂದೇ ದಪ್ಪ ಇರುವುದಿಲ್ಲ, ಇದನ್ನು ಜಾಸ್ತಿ ಜನ ಗಮನಿಸುವುದಿಲ್ಲ. ಚಿತ್ರ ಬೆಳ್ಳಗಿದ್ದ ಕಡೆ ಕಿರಣ ಹರಡಿಕೊಂಡು ದಪ್ಪ ಆಗುತ್ತದೆ, ಅಲ್ಲಿ ಕಪ್ಪು ಗೆರೆ ಮುಚ್ಚಿಯೇ ಹೋಗುತ್ತದೆ. ಮಬ್ಬು ಇದ್ದ ಕಡೆ ಮಾತ್ರ ಸಣ್ಣಗೆ ಎದ್ದು ಕಾಣುತ್ತದೆ. ಒಳ್ಳೆಯ ಶೇಡರ್ ಇದನ್ನು ಸರಿಯಾಗಿ ಮಾಡುತ್ತದೆ. ಕೆಟ್ಟದ್ದು ಮೋಡದ ಮೇಲೂ ನೆಲದ ಮೇಲೂ ಒಂದೇ ಸಮ ಕಪ್ಪು ಗೆರೆ ಎಳೆದುಬಿಡುತ್ತದೆ, ಕಿಟಕಿಯ ಸರಳಿನ ಆಚೆ ನಿಂತು ಆಡಿದ ಹಾಗೆ. ಗೆರೆ ಪೂರ್ತಿ ಏರಿಸಿ ಇದೇ ಅಸಲಿ ಅನ್ನುವವರನ್ನು ಕಂಡರೆ ನನಗೆ ಆಗುವುದಿಲ್ಲ. 14 ಇಂಚಿನ ಟಿವಿಯಲ್ಲಿ, ನಾಲ್ಕು ಅಡಿ ದೂರದಲ್ಲಿ ಚಾಪೆ ಮೇಲೆ ಕೂತವನಿಗೆ ಎಲ್ಲಿಯ ಗೆರೆ?

ಗೆರೆ ಹಾಕಿದ ಕೂಡಲೇ ಚಿತ್ರ ಮಂಕಾಗುತ್ತದೆ, ಅದೂ ಸಹಜವೇ, ಚಿತ್ರದ ಒಂದು ಪಾಲು ಕಪ್ಪಾಯಿತಲ್ಲ. ಆಗ ಬ್ರೈಟ್‌ನೆಸ್ ಏರಿಸಬೇಕು. ಅದನ್ನು ಏರಿಸಿದರೆ ಬಣ್ಣ ತೆಳುವಾಗುತ್ತದೆ, ಆಗ ಗಾಮಾ, ಅಂದರೆ ಕಪ್ಪಿಗೂ ಬಿಳಿಗೂ ನಡುವಿನ ಛಾಯೆ ಎಷ್ಟು ಬೆಳಗಬೇಕು ಅನ್ನುವ ಲೆಕ್ಕ, ಮುಟ್ಟಬೇಕು. ಸಿಆರ್‌ಟಿ-ಜಿಯೋಮ್ ಅನ್ನುವ ಶೇಡರಿನಲ್ಲಿ ಎರಡು ಗಾಮಾ ಇವೆ, ಹಳೇ ಟಿವಿಯದ್ದು 2.4, ಈಗಿನದ್ದು 2.2. ಅವೆರಡರ ನಡುವೆ ಕೂದಲೆಳೆಯಷ್ಟು ಆಚೀಚೆ ಮಾಡಿದರೂ ಕಾಂಟ್ರಾ ಅನ್ನುವ ಗುಂಡಿನಾಟದ ರಾತ್ರಿ ಒಂದೋ ಹಗಲಾಗುತ್ತದೆ, ಇಲ್ಲವೇ ಗುಂಡು ಎಲ್ಲಿಂದ ಬಂತು ಅಂತಲೇ ಗೊತ್ತಾಗುವುದಿಲ್ಲ. ಸಿಆರ್‌ಟಿ-ರಾಯಲ್ ಅಂತ ಇನ್ನೊಂದಿದೆ, ಅದರ ಪ್ಯಾರಾಮೀಟರ್, ಅಂದರೆ ಸೆಟ್ಟಿಂಗುಗಳ ಪಟ್ಟಿ ಕೆಳಗೆ ಕೆಳಗೆ ಹೋಗುತ್ತಲೇ ಇರುತ್ತದೆ. ನನ್ನ ಹಳೇ ಲ್ಯಾಪ್‌ಟಾಪಿನಲ್ಲಿ ಅದನ್ನು ಹಾಕಿದರೆ ಫ್ಯಾನು ಕಿರುಚಿಕೊಳ್ಳುತ್ತದೆ. ಬಡ ಚಿಪ್ಪುಗಳಿಗೆ ಅಂತಲೇ ಝಡ್‌ಫಾಸ್ಟ್ ಇದೆ, ಫೋನಿಗೆ ಅದೇ ಸಾಕು. ಮಳೆಗಾಲದಲ್ಲಿ ಕೈ ಬೆಚ್ಚಗಾಗಬೇಕು ಅಂದರೆ ಮಾತ್ರ ಫೋನಿಗೆ ರಾಯಲ್ ಹಾಕಿ.

ಇನ್ನೊಂದು ತೊಂದರೆ ಭಾಗಾಕಾರದ್ದು. 1080 ಸಾಲಿನ ಪರದೆಯಲ್ಲಿ 240 ಸಾಲು ಕೂರಿಸಬೇಕು ಅಂದರೆ ಒಂದಕ್ಕೆ ನಾಲ್ಕೂವರೆ. ಅರ್ಧ ಸಾಲು ಎಲ್ಲಿಂದ ತರುವುದು? ಅದಕ್ಕೇ ಒಂದು ಗೆರೆ ದಪ್ಪ, ಇನ್ನೊಂದು ಸಣ್ಣ ಆಗಿ ಅಲೆ ಅಲೆಯಾಗಿ ಕಾಣುತ್ತದೆ. ಅಂಚು ಬಾಗಿಸುವ ಕರ್ವೇಚರ್ ಬೇರೆ ಹಾಕಿದರೆ ಪರದೆ ಮೇಲೆ ಉಂಗುರ ಉಂಗುರ ಬರುತ್ತದೆ. ಪೂರ್ಣ ಸಂಖ್ಯೆಯಷ್ಟೇ ಹಿಗ್ಗಿಸುವ ಇಂಟಿಜರ್ ಸ್ಕೇಲ್ ಆನ್ ಮಾಡಿದರೆ ನಾಲ್ಕರಷ್ಟಕ್ಕೆ ನಿಲ್ಲಿಸಿ ಸುತ್ತ ಕಪ್ಪು ಬಿಡುತ್ತದೆ, ಸಮಸ್ಯೆ ಅಲ್ಲಿಗೆ ಮುಗಿಯಿತು. 4ಕೆಯಲ್ಲಿ 2160 ಸಾಲು, ಸರಿಯಾಗಿ ಒಂಬತ್ತರಷ್ಟು. ಮನೆಯವರಿಗೆ 4ಕೆ ಯಾಕೆ ಬೇಕು ಅಂತ ಹೇಳುವಾಗ ಈ ಕಾರಣ ಹೇಳಲಿಲ್ಲ, ಕ್ರಿಕೆಟ್ ಚೆನ್ನಾಗಿ ಕಾಣುತ್ತದೆ ಅಂದೆ.

ಇಷ್ಟೆಲ್ಲ ಮಾಡಿ 'ಸರಿಯಾದ' ಚಿತ್ರಕ್ಕೆ ತಲುಪುತ್ತೇವಾ ಅಂದರೆ, ಕೆಲವು ಕಡೆ ಹೌದು. ಸೆಗಾ ಕಂಪನಿಯ 1991ರ ಸೋನಿಕ್ ಆಟ ನೋಡಿ. ಅದರ ಮೊದಲ ಹಂತದಲ್ಲೇ ಜಲಪಾತ ಇದೆ. ಅದನ್ನು ಬರೆದವರು ಒಂದು ಗೀಟು ಬಿಟ್ಟು ಒಂದು ಗೀಟು ಬಣ್ಣ ತುಂಬಿದ್ದರು. ಇಡೀ ಚಿತ್ರವನ್ನು ಒಂದೇ ತಂತಿಯಲ್ಲಿ ಕಳಿಸುತ್ತಿದ್ದ ಆಗಿನ ಕಾಂಪೋಸಿಟ್ ವೈರಿನಲ್ಲಿ ಅಕ್ಕಪಕ್ಕದ ಗೀಟುಗಳು ಕಲೆತು ನೀರಿನ ಹಿಂದಿನ ಬಂಡೆ ಕಾಣುವ ಹಾಗೆ ಆಗುತ್ತಿತ್ತು. ಈಗಿನ ಚೂಪು ಪರದೆಯಲ್ಲಿ ಬರೀ ಗೀಟು ಉಳಿದಿದೆ. ಜೋಗ ಇರುವ ಜಿಲ್ಲೆಯವರಿಗೆ ಜಲಪಾತ ಹಾಗಿರುವುದಿಲ್ಲ ಅಂತ ಬೇರೆ ಹೇಳಬೇಕಾ? ಅಲ್ಲಿ ಬಣ್ಣ ಕಲೆಸುವ ಶೇಡರ್ ಹಾಕಲೇಬೇಕು, ಬರೆದವರ ಲೆಕ್ಕವೇ ಅದು.

ಆದರೆ ಮಾರಿಯೋನ ಆಕಾಶದ ಬಣ್ಣ ಯಾವುದು? ಇದಕ್ಕೆ ಉತ್ತರವೇ ಇಲ್ಲ. ಒಂದು ಪ್ಯಾಲೆಟ್ (ಬಣ್ಣಗಳ ಪಟ್ಟಿ) ಹಾಕಿದರೆ ತಿಳಿನೀಲಿ, ಇನ್ನೊಂದು ಹಾಕಿದರೆ ನೇರಳೆ. ಯಾಕೆಂದರೆ ಆ ಡಬ್ಬ ಕೆಂಪು ಇಷ್ಟು, ಹಸಿರು ಇಷ್ಟು ಅಂತ ಎಲ್ಲೂ ಹೇಳುವುದೇ ಇಲ್ಲ. ನೇರವಾಗಿ ಟಿವಿಯ ಸಿಗ್ನಲ್ ಹೊರಡಿಸುತ್ತದೆ, ಅದನ್ನು ಬಣ್ಣ ಮಾಡಿಕೊಳ್ಳುವುದು ಟಿವಿಯ ಕೆಲಸ. ಟಿವಿ ಬೇರೆಯಾದರೆ ಆಕಾಶವೂ ಬೇರೆ.

ನಮ್ಮನೆಯಲ್ಲಂತೂ ಆಕಾಶ ಬೂದಿ ಬಣ್ಣ. ತೀರ್ಥಹಳ್ಳಿ ಹತ್ತಿರದ ಊರು, ಬ್ಲಾಕ್ ಅಂಡ್ ವೈಟ್ ಟಿವಿ. ದೇಶದಲ್ಲಿ ಬಣ್ಣದ ದೂರದರ್ಶನ 1982ರಲ್ಲೇ ಬಂದಿದ್ದರೂ ನಮ್ಮನೆ ಮೆಟ್ಟಿಲು ಹತ್ತಲು ಅದಕ್ಕೆ ಬಹಳ ಪುರುಸೊತ್ತು ಬೇಕಾಯಿತು. ಅಲ್ಲಿಯವರೆಗೆ ಟಿವಿಯ ಮುಂದೆ ಒಂದು ನೀಲಿ ಪ್ಲಾಸ್ಟಿಕ್ ಹಾಳೆ ಇತ್ತು. ಪಕ್ಕದ ಮನೆಯವರದು ಮೂರು ಬಣ್ಣದ್ದು, ಅದರಲ್ಲಿ ವಾರ್ತೆ ಓದುವವರ ತಲೆ ಒಂದು ಬಣ್ಣ, ಕುತ್ತಿಗೆ ಇನ್ನೊಂದು ಬಣ್ಣ. ಈಗ ಯೋಚಿಸಿದರೆ ಅದೇ ನಾವು ನೋಡಿದ ಮೊದಲ ಶೇಡರ್. ಗ್ರಾಫಿಕ್ಸ್ ಕಾರ್ಡ್ ಬೇಡ, ಕರೆಂಟ್ ಬೇಡ, ಎರಡು ಕೊಕ್ಕೆ ಇದ್ದರೆ ಆಯಿತು.

ಶೇಡರಿನ ಸೆಟ್ಟಿಂಗುಗಳನ್ನೆಲ್ಲ ಒಟ್ಟಿಗೆ ಉಳಿಸಿಟ್ಟ ಫೈಲಿಗೆ ಪ್ರಿಸೆಟ್ ಅನ್ನುತ್ತಾರೆ. ಪಟ್ಟಿಯಲ್ಲಿ ಎಲ್ಲರೂ ಹೊಗಳುವುದು ಸೋನಿಯ ಟ್ರಿನಿಟ್ರಾನ್ ಟಿವಿ ಹಾಗೆ ಕಾಣಿಸುವ ಪ್ರಿಸೆಟ್‌ಗಳನ್ನು. 1968ರಲ್ಲಿ ಬಂದ ಟ್ಯೂಬು ಅದು, ಚುಕ್ಕಿಯ ಬದಲು ಉದ್ದುದ್ದ ತಂತಿಯ ಜಾಲರಿ. ಚೆನ್ನಾಗಿದೆ, ಇಲ್ಲ ಅನ್ನುವುದಿಲ್ಲ. ಆದರೆ ನಾನು ಟ್ರಿನಿಟ್ರಾನ್ ನೋಡಿದ್ದು ಪೇಟೆಯ ಅಂಗಡಿಯ ಗಾಜಿನ ಆಚೆ. ಅದನ್ನು ತಂದು ನನ್ನ ಬಾಲ್ಯಕ್ಕೆ ಹಚ್ಚಿಕೊಂಡರೆ ಅದು ಬೇರೆ ಯಾರದ್ದೋ ಬಾಲ್ಯ. ಅದಕ್ಕೇ ನಮ್ಮನೆ ಟಿವಿಗೆ ನಾನೇ ಒಂದು ಪ್ರಿಸೆಟ್ ಮಾಡಲು ಕೂತೆ.

ಮೊದಲಿಗೆ ಮಾಸ್ಕ್, ಅಂದರೆ ಬಣ್ಣದ ಟ್ಯೂಬಿನ ಆ ಜಾಲರಿ, ಸೊನ್ನೆ. ಬ್ಲಾಕ್ ಅಂಡ್ ವೈಟ್ ಟ್ಯೂಬಿನಲ್ಲಿ ಮೂರು ಬಣ್ಣದ ಚುಕ್ಕಿಯೇ ಇಲ್ಲ, ಇನ್ನು ಜಾಲರಿ ಎಲ್ಲಿಂದ ಬಂತು. ಆಮೇಲೆ ಸ್ಯಾಚುರೇಶನ್, ಅಂದರೆ ಬಣ್ಣದ ಗಾಢತೆ, ಸೊನ್ನೆ. ಅದಾದ ಮುಂದಿನ ಪಾಸ್‌ನಲ್ಲಿ ಕೆಂಪು ಇಳಿಸಿ, ನೀಲಿ ಉಳಿಸಬೇಕು. ಕ್ರಮ ತಪ್ಪಬಾರದು, ಮೊದಲು ನೀಲಿ ಮಾಡಿ ಆಮೇಲೆ ಬಣ್ಣ ತೆಗೆದರೆ ಹಾಳೆಯೂ ಹೋಯಿತು. ಕರ್ವೇಚರ್ ಸ್ವಲ್ಪ ಜಾಸ್ತಿ. ಇನ್ನು ಓವರ್‌ಸ್ಕ್ಯಾನ್, ಅಂದರೆ ಚಿತ್ರ ಪರದೆಯ ಎಷ್ಟು ಜಾಗ ತುಂಬಬೇಕು ಅನ್ನುವುದು. ಸಂಜೆ ಊರೆಲ್ಲ ದೀಪ ಹಾಕಿದಾಗ ವೋಲ್ಟೇಜ್ ಬಿದ್ದು, ಸ್ಟೆಬಿಲೈಸರ್ ಟಕ್ ಟಕ್ ಅಂತ ಎರಡು ಸಲ ಒದ್ದಾಡಿ ಸೋತು, ಚಿತ್ರ ಎರಡೂ ಪಕ್ಕದಿಂದ ಒಳಗೆ ಸರಿಯುತ್ತಿತ್ತು. ಅದಕ್ಕೆ ಅಡ್ಡ ಓವರ್‌ಸ್ಕ್ಯಾನನ್ನು 100ರಿಂದ 94ಕ್ಕೆ ಇಳಿಸಿದೆ. ಅಕ್ಕಪಕ್ಕ ಕಪ್ಪು ಪಟ್ಟಿ ಬಂತು. ನೋಡಿ ಇಷ್ಟು ಖುಷಿಯಾಯಿತು ಅಂದರೆ, ಮೆಸ್ಕಾಂ ಆಗಲಿ ಕೆಇಬಿ ಆಗಲಿ ಕಮ್ಮಿ ವೋಲ್ಟೇಜ್ ಕೊಟ್ಟು ಯಾರಿಗಾದರೂ ಇಷ್ಟು ಸಂತೋಷ ಕೊಟ್ಟಿರಲಿಕ್ಕಿಲ್ಲ.

ಆದರೆ ನಾಯ್ಸ್ ಮಾತ್ರ ಹಾಕಲಿಲ್ಲ. ಹಳೇ ಟಿವಿ ಅಂದರೆ ಕಾಳು ಕಾಳು, ಜೋಡಿ ನೆರಳು ಅಂತ ಹಲವು ಶೇಡರುಗಳು ಅದನ್ನೆಲ್ಲ ಬಡಿಸುತ್ತವೆ. ನಮ್ಮ ಕಡೆ ದೂರದರ್ಶನ ಹಾಗೇ ಬರುತ್ತಿತ್ತು, ನಿಜ. ಸಿಗ್ನಲ್ ನೇರ ಬರುವುದೊಂದು, ಗುಡ್ಡಕ್ಕೆ ಬಡಿದು ತಡವಾಗಿ ಬರುವುದೊಂದು. ಒಬ್ಬೊಬ್ಬರಿಗೆ ಎರಡೆರಡು ಮುಖ. ಅಡಿಕೆ ದಬ್ಬೆ ಕಟ್ಟಿ ಎತ್ತರಿಸಿದ ಆಂಟೆನಾ ತಿರುಗಿಸಿದರೆ ಮುಖ ಒಂದಾಗಿ ಧ್ವನಿ ಹೋಗುತ್ತಿತ್ತು. ಆದರೆ ಟಿವಿ ಗೇಮ್ ಆಡುವಾಗ ಆಂಟೆನಾ ವೈರ್ ಕಿತ್ತು ಆ ಜಾಗಕ್ಕೆ ಗೇಮಿನ ವೈರ್ ಸಿಕ್ಕಿಸುತ್ತಿದ್ದೆವು. ಗುಡ್ಡಕ್ಕೂ ಅದಕ್ಕೂ ಸಂಬಂಧವೇ ಇಲ್ಲ. ಆ ಟಿವಿಯಲ್ಲಿ ಬಂದ ಅತಿ ಸ್ವಚ್ಛ ಚಿತ್ರ ಅಂದರೆ ಮಾರಿಯೋ, ಅವನ ಮುಂದೆ ವಾರ್ತೆ, ಭಾನುವಾರದ ಸಿನಿಮಾ ಯಾವುದೂ ಇಲ್ಲ. ಹಾಗಿರುವಾಗ ಹಳೇ ಕಾಲದ ಹೆಸರಲ್ಲಿ ಅವನ ಮುಖಕ್ಕೆ ಕಾಳು ಎರಚುವುದು ಅನ್ಯಾಯ ಅಲ್ವಾ?

ಶೇಡರಿನಿಂದ ಆಗದ್ದೂ ಇದೆ. ಗೇಮ್ ಜೊತೆ ಒಂದು ಗನ್ ಬರುತ್ತಿತ್ತು, ಬಾತುಕೋಳಿ ಹೊಡೆಯಲು. ಟ್ರಿಗರ್ ಒತ್ತಿದಾಗ ಪರದೆ ಕ್ಷಣಮಾತ್ರ ಕಪ್ಪಾಗಿ, ಬಾತುಕೋಳಿ ಇದ್ದ ಜಾಗದಲ್ಲಿ ಬಿಳಿ ಚೌಕ ಮಿಂಚುತ್ತದೆ. ಗನ್ನಿನ ತುದಿಯಲ್ಲಿರುವುದು ಬೆಳಕು ಕಾಣುವ ಒಂದು ಕಣ್ಣು, ಅಷ್ಟೇ. ಅದಕ್ಕೆ ಬಿಳಿ ಕಂಡರೆ ಗುರಿ ತಾಗಿತು. ಹೊಸ ಟಿವಿ ಚಿತ್ರ ತೋರಿಸುವುದು ಸ್ವಲ್ಪ ತಡ, ಅಷ್ಟರಲ್ಲಿ ಗನ್ನು ನೋಡಿ ಮುಗಿಸಿರುತ್ತದೆ. ಎಷ್ಟು ಗೆರೆ ಹಾಕಿದರೂ ಬಾತುಕೋಳಿ ಸಾಯುವುದಿಲ್ಲ.

ಪ್ರಿಸೆಟ್ ಸೇವ್ ಮಾಡಿ ಸಾಗರದಲ್ಲಿರುವ ಅಕ್ಕನಿಗೆ ವಿಡಿಯೋ ಕಾಲ್ ಮಾಡಿ ತೋರಿಸಿದೆ. ಫೋನಿನ ಕ್ಯಾಮೆರಾದಲ್ಲಿ ನನ್ನ ಗೆರೆಗಳ ಮೇಲೆ ಅದರದ್ದೇ ಗೆರೆ ಕೂತು ಅವಳಿಗೆ ಏನು ಕಂಡಿತೋ ದೇವರಿಗೇ ಗೊತ್ತು. ಆದರೂ ತೀರ್ಪು ಕೊಟ್ಟಳು. "ನೀಲಿ ಸಾಲ್ದು. ಇನ್ನೂ ಗಾಢ ಇತ್ತು."

"ಬಿಸಿಲಿಗೆ ಬಿಳಚಿಕೊಂಡಿತ್ತು ಕಣೇ ಅದು."

"ಆಮೇಲೆ ಬಿಳಚಿದ್ದು. ಗೇಮ್ ತಂದಾಗ ಹೊಸ ಹಾಳೆ." ಅಷ್ಟರಲ್ಲಿ ಅವಳ ಕಣ್ಣು ಮಾರಿಯೋ ಆಟದ ಪೊದೆ ಮೇಲೆ ಬಿತ್ತು. "ಆ ಕೆಳಗಿರೋ ಮೋಡ ಹಾಗೇ ಇದೆ ನೋಡು." ಅವಳು ಆಗಲೂ ಪೊದೆಯನ್ನು ಮೋಡ ಅಂತಲೇ ಕರೆಯುತ್ತಿದ್ದಳು. ಮೋಡ ನೆಲಕ್ಕೆ ಇಳಿದು ಅಂಗಳದಲ್ಲಿ ಕೂರುವ ಊರಿನವಳಿಗೆ ಅದರಲ್ಲಿ ವಿಚಿತ್ರ ಏನೂ ಕಂಡಿರಲಿಕ್ಕಿಲ್ಲ. ಅವಳು ಹೇಳಿದ್ದೇ ನಿಜ, ಆ ಆಟದಲ್ಲಿ ಮೋಡಕ್ಕೂ ಪೊದೆಗೂ ಚಿತ್ರ ಒಂದೇ, ಬಣ್ಣ ಮಾತ್ರ ಬೇರೆ. ಬಣ್ಣ ಇಲ್ಲದ ಟಿವಿಯಲ್ಲಿ ಅದು ಅವಳಿಗೆ ಮೊದಲೇ ಗೊತ್ತಾಗಿತ್ತು.

ನೀಲಿ ಏರಿಸಿ ಫೈಲನ್ನು ವಾಟ್ಸಾಪಿನಲ್ಲಿ ಕಳಿಸಿದೆ. ಮಾರನೇ ದಿನ ಫೋನ್ ಬಂದಿದ್ದು ಭಾವನದ್ದು. ಅವರು ತಮ್ಮ ಲ್ಯಾಪ್‌ಟಾಪಿನಲ್ಲಿ ಹಾಕಿ ನೋಡಿದರಂತೆ, ಎಲ್ಲಾ ಅಳಿಸಿ ಬೇರೆ ಮಾಡಿಕೊಂಡರಂತೆ. ಯಾಕೆ ಭಾವ ಅಂದೆ.

"ನಿಮ್ಮನೆದು ಡಬ್ಬ ಟಿವಿ ಕಣೋ. ನಮ್ಮಲ್ಲಿ ಆಗ್ಲೇ 21 ಇಂಚು ಕಲರ್, ಅದೂ ಫ್ಲಾಟ್. ಕರ್ವೇಚರ್ ಸೊನ್ನೆ ಮಾಡಿದ್ದೀನಿ."

ಹಿಂದಿನಿಂದ ಅಕ್ಕ, "ಫ್ಲಾಟ್ ಬಂದಿದ್ದು ಮದ್ವೆ ಆದ್ಮೇಲೆ, ಅದಕ್ಕೂ ನಮ್ಮಪ್ಪನೇ ಅರ್ಧ ದುಡ್ಡು ಕೊಟ್ಟಿದ್ದು" ಅಂದಿದ್ದು ಸ್ಪಷ್ಟವಾಗಿ ಕೇಳಿಸಿತು. ಭಾವ ಸಿಗ್ನಲ್ ಸರಿಯಿಲ್ಲ ಅಂತ ಫೋನ್ ಇಟ್ಟರು.