ಆರು ಗಂಟೆಯ ಮೈಗಳ್ಳ

ಈಗಿನ ಹುಡುಗರಿಗೆ ದುಡಿಯುವ ಮನಸ್ಸಿಲ್ಲ ಎಂಬ ದೂರಿಗೆ ಕೊನೆಗೂ ಪುರಾವೆ ಸಿಕ್ಕಿದೆ. ಔಟರ್ ರಿಂಗ್ ರೋಡಿನ ಆಫೀಸೊಂದರಲ್ಲಿ ಒಬ್ಬ ಸಂಜೆ ಆರಕ್ಕೆ ಸರಿಯಾಗಿ ಲ್ಯಾಪ್‌ಟಾಪ್ ಮುಚ್ಚಿ ಶಟಲ್ ಆಡಲು ಹೊರಡುತ್ತಾನೆ. ಬೆಳಿಗ್ಗೆ ಒಂಬತ್ತಕ್ಕೇ ಬಂದು ಕೂತಿದ್ದನಲ್ಲ ಎನ್ನಬೇಡಿ, ಬಂದದ್ದನ್ನು ಯಾರು ನೋಡುತ್ತಾರೆ?

ಕರ್ನಾಟಕದ ಅಂಗಡಿ ಮತ್ತು ವಾಣಿಜ್ಯ ಸಂಸ್ಥೆಗಳ ಕಾಯ್ದೆ 1961ರಲ್ಲೇ ದಿನಕ್ಕೆ 9, ವಾರಕ್ಕೆ 48 ಗಂಟೆ ಎಂದು ಮಿತಿ ಹಾಕಿದೆ. ಪಾಪ, ಹುಡುಗನಿಗೆ ಇದು ಗೊತ್ತೇ ಇಲ್ಲ, ಗೊತ್ತಿಲ್ಲದೆಯೇ ಪಾಲಿಸುತ್ತಿದ್ದಾನೆ. ಕೆಂಪು ದೀಪಕ್ಕೆ ನಿಂತವನ ಬೆನ್ನಿಗೆ ಹಾರನ್ ಹೊಡೆಯುವ ಊರಲ್ಲಿ ಅವನಿಗೆ ಬೈಗುಳ ಬೀಳದೆ ಇನ್ನೇನು?

2023ರ ಅಕ್ಟೋಬರಿನಲ್ಲಿ ನಾರಾಯಣಮೂರ್ತಿಯವರು ಯುವಕರು ವಾರಕ್ಕೆ 70 ಗಂಟೆ ದುಡಿಯಬೇಕೆಂದರು. 2024ರ ಜುಲೈಯಲ್ಲಿ ಐಟಿಯವರನ್ನು ದಿನಕ್ಕೆ 14 ಗಂಟೆ ದುಡಿಸುವ ಪ್ರಸ್ತಾವ ನಮ್ಮ ಸರ್ಕಾರದ ಮುಂದೆಯೇ ಬಂತು. 2025ರ ಜನವರಿಗೆ ಎಲ್ ಅಂಡ್ ಟಿ ಅಧ್ಯಕ್ಷ ಸುಬ್ರಹ್ಮಣ್ಯನ್ ಅವರ 90 ಗಂಟೆಯ ಮಾತು ಹೊರಬಿತ್ತು, ಮನೆಯಲ್ಲಿ ಕೂತು ಹೆಂಡತಿಯನ್ನು ಎಷ್ಟು ಹೊತ್ತು ನೋಡುತ್ತೀರಿ ಎಂಬ ಪ್ರಶ್ನೆಯ ಸಮೇತ. ಒಂದೂಕಾಲು ವರ್ಷದಲ್ಲಿ 20 ಗಂಟೆ ಇನ್‌ಕ್ರಿಮೆಂಟು! ಸಂಬಳಕ್ಕೆ ಈ ಭಾಗ್ಯ ಬಂದದ್ದು ನಾನಂತೂ ಕಾಣೆ.

ಲೆಕ್ಕ ಹಾಕೋಣ. ವಾರಕ್ಕೆ ಇರುವುದೇ 168 ಗಂಟೆ. ದುಡಿಮೆಗೆ 90, ನಿದ್ದೆಗೆ 49, ಸಿಲ್ಕ್ ಬೋರ್ಡಿನ ಕಡೆಯ ರಸ್ತೆಗೆ ದಿನಕ್ಕೆರಡರಂತೆ 14. ಉಳಿದ 15ರಲ್ಲಿ ಸ್ನಾನ, ಊಟ, ಅಮ್ಮನಿಗೆ ಫೋನು, ಆಮೇಲೆ ಹೆಂಡತಿಯ ಮುಖ. ಅವಳೂ ಐಟಿಯವಳಾದರೆ ಅವಳ 15 ಇವನ 15ಕ್ಕೆ ಕೂಡಿಬರಬೇಕು. ಇನ್ನು ಜೋಯಿಸರು ಜಾತಕದ ಜೊತೆಗೆ ಶಿಫ್ಟನ್ನೂ ಕೂಡಿಸಿ ನೋಡಬೇಕಾದೀತು.

ಮನೆಯಲ್ಲಿ ಬೇರೆಯೇ ವಿಚಾರಣೆ. ಹುಡುಗ ಪ್ರಮೋಷನ್ ಬೇಡವೆಂದನಂತೆ! ಕೆಇಬಿಯಿಂದ ನಿವೃತ್ತರಾದ ದೊಡ್ಡಪ್ಪ ಹೌಹಾರಿದ್ದಾರೆ. ಇವರು ಐದೂವರೆಗೆ ಆಫೀಸು ಬಿಟ್ಟು, ಕಾಫಿ ಕುಡಿದು, ಕ್ಲಬ್ಬಿನಲ್ಲಿ ಎಂಟರವರೆಗೆ ಇಸ್ಪೀಟು ಆಡಿಕೊಂಡೇ ಸೈಟು ಮಾಡಿ, ಮನೆ ಕಟ್ಟಿ, ಇಬ್ಬರು ಹೆಣ್ಣುಮಕ್ಕಳ ಮದುವೆ ಮಾಡಿದವರು. ಹುಡುಗನಿಗೆ ಬೇಕಿರುವುದು ಆ ಇಸ್ಪೀಟಿನ ಹೊತ್ತು ಮಾತ್ರ. ಸೈಟಿನ ಆಸೆಯನ್ನು ಅವನು ಸರ್ಜಾಪುರದ ಚದರಡಿ ದರ ಕೇಳಿದ ದಿನವೇ ಬಿಟ್ಟ.

"ಹಿಂಗಾದ್ರೆ ಮುಂದೆ ಏನಾಗ್ತೀಯೋ?"

"ನಿಮ್ಮ ಥರಾನೇ ದೊಡ್ಡಪ್ಪ. ಸೈಟೊಂದು ಬಿಟ್ಟು."